ಕುದುರೆ ಟ್ರಾಮಿನಿಂದ ಭೂಗತ ಮೆಟ್ರೋದವರೆಗೆ: ಸಾಂತಾಕ್ರೂಜ್‌ನಿಂದ ಕಂಡ ಮುಂಬಯಿ ಸಾರಿಗೆ

ಮುಂಬಯಿಯಲ್ಲಿ ‘ಮನೆ ಎಲ್ಲಿ?’ ಎಂದು ಕೇಳಿದರೆ ಬೀದಿಯ ಹೆಸರು ಬರುವುದಿಲ್ಲ, ರೈಲು ನಿಲ್ದಾಣದ ಹೆಸರು ಬರುತ್ತದೆ. ಅದರ ಬೆನ್ನಿಗೇ ‘ಪೂರ್ವವೋ, ಪಶ್ಚಿಮವೋ?’ ಎಂಬ ಮರುಪ್ರಶ್ನೆ. ಹಳಿಯ ಯಾವ ಮಗ್ಗುಲಲ್ಲಿ ವಾಸ ಎಂಬುದು ತಿಳಿಯದೆ ಇಲ್ಲಿ ವಿಳಾಸ ಪೂರ್ಣವಾಗುವುದಿಲ್ಲ. ಮಹಾರಾಷ್ಟ್ರದ ರಾಜಧಾನಿಯಾದ ಈ ಮಹಾನಗರದ ಸಾರಿಗೆಯ ಚರಿತ್ರೆಯೂ ಈ ಎರಡು ಪ್ರಶ್ನೆಗಳಿಗೆ ಹೊಂದಿಕೊಂಡೇ ಇದೆ. ಉತ್ತರ-ದಕ್ಷಿಣವಾಗಿ ಸಾಗುವ ರೈಲಿಗೆ ಒಂದೂವರೆ ಶತಮಾನಕ್ಕೂ ಮೀರಿದ ಇತಿಹಾಸವಿದೆ. ಪೂರ್ವ-ಪಶ್ಚಿಮವಾಗಿ, ಅಂದರೆ ನಿಲ್ದಾಣದಿಂದ ಮನೆಯವರೆಗೆ ಕೊಂಡೊಯ್ಯುವ ಹೊಣೆಯನ್ನು ಬಹುಕಾಲ ಹೊತ್ತದ್ದು ಬೆಸ್ಟ್ ಸಂಸ್ಥೆಯ ಕೆಂಪು ಬಸ್ಸು. ಹೊಸ ಮೆಟ್ರೋ ಮಾರ್ಗಗಳು ಒಂದೊಂದಾಗಿ ತೆರೆದುಕೊಳ್ಳುತ್ತಿರುವ ಈ ದಿನಗಳಲ್ಲಿ ಆ ಬಸ್ಸು ಕ್ಷೀಣಿಸುತ್ತಿರುವುದೇಕೆ ಎಂಬುದನ್ನು ಅರಿಯಬೇಕಾದರೆ ತುಸು ಹಿಂದಕ್ಕೆ ಹೋಗಬೇಕಾಗುತ್ತದೆ.

ಸಾಂತಾಕ್ರೂಜ್ ಎಂಬುದು ಪೋರ್ಚುಗೀಸರು ಬಿಟ್ಟುಹೋದ ಹೆಸರು. ಪವಿತ್ರ ಶಿಲುಬೆ ಎಂದು ಅದರ ಅರ್ಥ. ಈ ಪ್ರದೇಶ ಮೂಲತಃ ಮುಂಬಯಿ ದ್ವೀಪಕ್ಕೆ ಸೇರಿದ್ದಲ್ಲ. ಮಾಹಿಮ್ ಖಾರಿಯ ಆಚೆಗಿದ್ದ ಸಾಷ್ಟಿ ದ್ವೀಪದ ಭಾಗ ಅದು. ಬಾಂದ್ರಾ ಮತ್ತು ಮಾಹಿಮ್‌ಗಳ ನಡುವೆ ದೋಣಿಯೇ ಗತಿಯಾಗಿದ್ದ ಕಾಲದಲ್ಲಿ, ಸರ್ ಜಮ್ಶೇಟ್‌ಜಿ ಜೀಜೀಭಾಯ್ ಅವರ ಪತ್ನಿ ಅವಾಬಾಯಿ ತಮ್ಮ ಹಣವನ್ನು ಕೊಟ್ಟು ಕಟ್ಟಿಸಿದ ಸೇತುಹಾದಿ 1845ರಲ್ಲಿ ಸಂಚಾರಕ್ಕೆ ತೆರೆಯಿತು. ಸಾಂತಾಕ್ರೂಜ್ ಸೀಮೆಗೆ ಪಟ್ಟಣದ ಬಾಗಿಲು ತೆರೆದದ್ದು ಹೀಗೆ ಒಬ್ಬ ಪಾರ್ಸಿ ಮಹಿಳೆಯ ಔದಾರ್ಯದಿಂದ. ಇಂದಿಗೂ ಆ ಹಾದಿಯಲ್ಲಿ ವಾಹನಗಳು ಸಾಲುಗಟ್ಟಿ ನಿಂತಾಗ ಆಕೆಯನ್ನು ನೆನೆಯುವವರು ಕಡಿಮೆ.

1853ರ ಏಪ್ರಿಲ್ 16ರಂದು ಬೋರಿಬಂದರ್‌ನಿಂದ ಠಾಣೆಗೆ ಹದಿನಾಲ್ಕು ಗಾಡಿಗಳಲ್ಲಿ ಸುಮಾರು ನಾನೂರು ಅತಿಥಿಗಳನ್ನು ಹೊತ್ತು ಭಾರತದ ಮೊದಲ ಪ್ರಯಾಣಿಕ ರೈಲು ಹೊರಟ ಸಂಗತಿ ಶಾಲಾಮಕ್ಕಳಿಗೂ ಗೊತ್ತು. ನಮ್ಮ ಪಶ್ಚಿಮ ಮಾರ್ಗದ ಮಟ್ಟಿಗೆ ಮುಖ್ಯವಾದ ದಿನ ಅದಲ್ಲ, 1867ರ ಏಪ್ರಿಲ್ 12. ಅಂದು ಬಾಂಬೆ, ಬರೋಡಾ ಅಂಡ್ ಸೆಂಟ್ರಲ್ ಇಂಡಿಯಾ ರೈಲ್ವೆಯು ವಿರಾರ್ ಮತ್ತು ಬ್ಯಾಕ್‌ಬೇ ನಡುವೆ ದಿನಕ್ಕೊಂದು ಹೋಗುವ, ಒಂದು ಬರುವ ಗಾಡಿಯನ್ನು ಆರಂಭಿಸಿತು. ದಿನಕ್ಕೊಂದೇ ಗಾಡಿ! ಇಂದು ಅದೇ ಪಶ್ಚಿಮ ರೈಲ್ವೆಯಲ್ಲಿ ದಿನಕ್ಕೆ ಸಾವಿರದ ಮುನ್ನೂರಕ್ಕೂ ಮಿಕ್ಕಿ ಲೋಕಲ್ ಸೇವೆಗಳಿವೆ.

ಪಟ್ಟಣದೊಳಗಿನ ಸಂಚಾರದ ಕಥೆ ಬೇರೆ. 1874ರ ಮೇ 9ರಂದು ಕೊಲಾಬಾದಿಂದ ಪಾಯಧುನಿಗೆ, ಬೋರಿಬಂದರ್‌ನಿಂದ ಪಾಯಧುನಿಗೆ ಕುದುರೆ ಎಳೆಯುವ ಟ್ರಾಮುಗಳು ಹೊರಟವು. ಮೂರು ದಶಕ ಕಾಲ ಕುದುರೆಗಳ ಗೊರಸಿನ ಸದ್ದಿನಲ್ಲಿಯೇ ಬೊಂಬಾಯಿ ಓಡಾಡಿತು. 1905ರಲ್ಲಿ ಬಾಂಬೆ ಎಲೆಕ್ಟ್ರಿಕ್ ಸಪ್ಲೈ ಅಂಡ್ ಟ್ರಾಮ್‌ವೇಸ್ ಕಂಪನಿ ಸ್ಥಾಪನೆಯಾಯಿತು, 1907ರ ಮೇ 7ರಂದು ವಿದ್ಯುತ್ ಟ್ರಾಮು ಹಳಿಗಿಳಿಯಿತು. ಇಲ್ಲಿ ಒಂದು ಅಂಶವನ್ನು ಓದುಗರು ಗಮನಿಸಬೇಕು. ಟ್ರಾಮು ಓಡಿಸಲು ವಿದ್ಯುತ್ ಬೇಕು, ಉಳಿದ ವಿದ್ಯುತ್ತನ್ನು ಮನೆಗಳಿಗೂ ಅಂಗಡಿಗಳಿಗೂ ಮಾರಬಹುದು. ಒಂದೇ ಸಂಸ್ಥೆ, ಎರಡು ವ್ಯವಹಾರ. ದೀಪ ಬೆಳಗುವವರೇ ಗಾಡಿ ಓಡಿಸುವವರು ಎಂಬ ಈ ಜೋಡಣೆ ಮುಂದೆ ನೂರು ವರ್ಷ ಈ ನಗರವನ್ನು ಸಾಕಿತು.

1926ರ ಜುಲೈ 15ರಂದು ಅಫಘಾನ್ ಚರ್ಚ್‌ನಿಂದ ಕ್ರಾಫರ್ಡ್ ಮಾರುಕಟ್ಟೆಗೆ ಮೊದಲ ಬಸ್ಸು ಓಡಿತು. 1937ರಲ್ಲಿ ಡಬಲ್ ಡೆಕ್ಕರ್ ಬಂತು. 1947ರ ಆಗಸ್ಟ್ 7ರಂದು, ಅಂದರೆ ಸ್ವಾತಂತ್ರ್ಯಕ್ಕೆ ಎಂಟು ದಿನ ಮುಂಚೆ, ನಗರಪಾಲಿಕೆಯು ಕಂಪನಿಯನ್ನು ತನ್ನ ವಶಕ್ಕೆ ತೆಗೆದುಕೊಂಡಿತು. ಹೆಸರಿನ ಕೊನೆಯ ಅಕ್ಷರದಲ್ಲಿದ್ದ ‘ಟ್ರಾಮ್‌ವೇಸ್’ ಹೋಗಿ ‘ಟ್ರಾನ್ಸ್‌ಪೋರ್ಟ್’ ಸೇರಿಕೊಂಡರೂ ‘ಬೆಸ್ಟ್’ ಎಂಬ ಚಿಕ್ಕ ಹೆಸರು ಹಾಗೆಯೇ ಉಳಿಯಿತು. 1964ರ ಮಾರ್ಚ್ 31ರ ರಾತ್ರಿ ಬೋರಿಬಂದರ್‌ನಿಂದ ದಾದರ್‌ಗೆ ಕೊನೆಯ ಟ್ರಾಮು ಹೋದಾಗ ಜನ ರಸ್ತೆಯ ಇಕ್ಕೆಲಗಳಲ್ಲಿ ನೆರೆದು ಬೀಳ್ಕೊಟ್ಟರು. ಹಗಲು ಹೋಟೆಲುಗಳಲ್ಲಿ ದುಡಿದು ಕನ್ನಡ ರಾತ್ರಿಶಾಲೆಗಳಲ್ಲಿ ಕಲಿತ ನಮ್ಮ ಹಿರಿಯರ ತಲೆಮಾರಿಗೆ ಟ್ರಾಮು ಕೇವಲ ವಾಹನವಾಗಿರಲಿಲ್ಲ. ಪುಸ್ತಕ ತೆರೆದು ಕುಳಿತುಕೊಳ್ಳಲು ಸಿಗುತ್ತಿದ್ದ ಸ್ವಲ್ಪ ಬಿಡುವೂ ಆಗಿತ್ತು.

ಉಪನಗರಗಳನ್ನು ನಿಜವಾಗಿ ಬೆಳೆಸಿದ್ದು ವಿದ್ಯುತ್ ರೈಲು. 1925ರ ಫೆಬ್ರವರಿ 3ರಂದು ವಿಕ್ಟೋರಿಯಾ ಟರ್ಮಿನಸ್‌ನಿಂದ ಕುರ್ಲಾಕ್ಕೆ ದೇಶದ ಮೊದಲ ವಿದ್ಯುತ್ ರೈಲು ಹೊರಟಿತು. 1928ರ ಜನವರಿಯಲ್ಲಿ ಪಶ್ಚಿಮ ಮಾರ್ಗದಲ್ಲಿ ಬೊರಿವಲಿಯವರೆಗೆ ವಿದ್ಯುದೀಕರಣ ಪೂರ್ಣಗೊಂಡಿತು. ಉಗಿಯಂತ್ರದ ಗಾಡಿ ನಿಂತು ಮತ್ತೆ ವೇಗ ಪಡೆಯಲು ಬಹಳ ಹೊತ್ತು ಬೇಕು. ವಿದ್ಯುತ್ ಗಾಡಿಯಾದರೋ ನಿಂತೊಡನೆ ಹೊರಡಬಲ್ಲದು, ಕೊನೆಯ ನಿಲ್ದಾಣದಲ್ಲಿ ಎಂಜಿನ್ ತಿರುಗಿಸುವ ಗೋಜಿಲ್ಲದೆ ಹಿಂದಿರುಗಬಲ್ಲದು. ಆದುದರಿಂದ ಒಂದು ಗಾಡಿಯ ಹಿಂದೆ ಮತ್ತೊಂದನ್ನು ಕೆಲವೇ ನಿಮಿಷಗಳ ಅಂತರದಲ್ಲಿ ಬಿಡುವುದು ಸಾಧ್ಯವಾಯಿತು. ಫೋರ್ಟ್‌ನಲ್ಲಿ ನೌಕರಿ, ಸಾಂತಾಕ್ರೂಜ್‌ನಲ್ಲಿ ಸಂಸಾರ ಎಂಬ ಬದುಕಿನ ಕ್ರಮ ಇದರಿಂದಲೇ ಹುಟ್ಟಿತು. 1950ರಲ್ಲಿ ನಗರಪಾಲಿಕೆಯ ಎಲ್ಲೆ ಸಾಂತಾಕ್ರೂಜ್, ಅಂಧೇರಿಗಳನ್ನು ಒಳಗೊಂಡಿತು, 1957ರಲ್ಲಿ ದಹಿಸರ್, ಮುಲುಂಡ್‌ವರೆಗೆ ಹಬ್ಬಿತು.

ತುಳು-ಕನ್ನಡಿಗರ ನೆಲೆಗಳೂ ಹಳಿಯನ್ನು ಅನುಸರಿಸಿಯೇ ಬೆಳೆದವು. ಮಾಟುಂಗಾದ ಮೈಸೂರು ಅಸೋಸಿಯೇಶನ್, ಮಾಹಿಮ್‌ನ ಕರ್ನಾಟಕ ಸಂಘ, ವಡಾಲದ ಎನ್.ಕೆ.ಇ.ಎಸ್. ಶಾಲೆ, ಸಾಂತಾಕ್ರೂಜ್ ಪೂರ್ವದ ಬಿಲ್ಲವ ಭವನ ಮತ್ತು ಪೇಜಾವರ ಮಠ, ಕಲೀನಾದ ವಿದ್ಯಾನಗರಿಯಲ್ಲಿರುವ ಮುಂಬಯಿ ವಿಶ್ವವಿದ್ಯಾಲಯದ ಕನ್ನಡ ವಿಭಾಗ, ಇತ್ತ ಗೋರೆಗಾಂವ್, ಅತ್ತ ಡೊಂಬಿವಲಿ: ನಮ್ಮ ಸಂಸ್ಥೆಗಳ ಪಟ್ಟಿಯನ್ನು ಬರೆದರೆ ಅದು ರೈಲ್ವೆ ನಕ್ಷೆಯಂತೆಯೇ ಕಾಣುತ್ತದೆ. ಯಕ್ಷಗಾನವಾಗಲಿ, ಪುಸ್ತಕ ಬಿಡುಗಡೆಯಾಗಲಿ, ಮುಕ್ತಾಯದ ಹೊತ್ತನ್ನು ನಿರ್ಧರಿಸುವವರು ಅಧ್ಯಕ್ಷರಲ್ಲ, ಮನೆಗೆ ಮರಳುವ ಲೋಕಲ್. ಧನ್ಯವಾದ ಸಮರ್ಪಣೆಯ ಹೊತ್ತಿಗೆ ಸಭಾಂಗಣದ ಹಿಂದಿನ ಸಾಲುಗಳು ಬರಿದಾಗುವುದು ಅಗೌರವದಿಂದಲ್ಲ ಎಂಬುದನ್ನು ಊರಿನಿಂದ ಬಂದ ಅತಿಥಿಗಳಿಗೆ ಪ್ರತಿಬಾರಿಯೂ ವಿವರಿಸಬೇಕಾಗುತ್ತದೆ.

ಈ ನಗರದ ಸಾರಿಗೆ ಕಾರ್ಮಿಕರ ಚರಿತ್ರೆಯಲ್ಲಿ ಕರಾವಳಿಯ ಒಬ್ಬರ ಹೆಸರು ಅಳಿಸಲಾಗದ್ದು. ಮಂಗಳೂರಿನಲ್ಲಿ 1930ರಲ್ಲಿ ಜನಿಸಿದ ಜಾರ್ಜ್ ಫೆರ್ನಾಂಡಿಸ್ ಬರಿಗೈಯಲ್ಲಿ ಬೊಂಬಾಯಿಗೆ ಬಂದು, ಟ್ಯಾಕ್ಸಿ ಚಾಲಕರನ್ನೂ ನಗರಪಾಲಿಕೆಯ ಕಾರ್ಮಿಕರನ್ನೂ ಸಂಘಟಿಸಿದರು. 1974ರ ಮೇ ತಿಂಗಳಲ್ಲಿ ದೇಶದ ರೈಲುಗಳನ್ನು ಇಪ್ಪತ್ತು ದಿನ ಕಾಡಿದ ಮುಷ್ಕರದ ನಾಯಕತ್ವ ಅವರದು. ಅದೇ ವ್ಯಕ್ತಿ 1989ರಲ್ಲಿ ರೈಲ್ವೆ ಸಚಿವರಾಗಿ ಕೊಂಕಣ ರೈಲಿಗೆ ಚಾಲನೆ ಕೊಟ್ಟರು. ಇ. ಶ್ರೀಧರನ್ ಅವರ ನೇತೃತ್ವದಲ್ಲಿ ನಿರ್ಮಾಣವಾದ ಆ ಮಾರ್ಗ 1998ರ ಜನವರಿ 26ರಂದು ಪೂರ್ಣವಾಗಿ ರಾಷ್ಟ್ರಕ್ಕೆ ಅರ್ಪಿತವಾಯಿತು. ಘಟ್ಟ ಸುತ್ತಿ ಬಸ್ಸಿನಲ್ಲಿ ಬಸವಳಿಯುತ್ತಿದ್ದ ನಮ್ಮ ಕುಟುಂಬಗಳಿಗೆ ಊರು ಒಂದು ರಾತ್ರಿಯ ದೂರಕ್ಕೆ ಬಂದಿತು. ಆದರೆ ಮತ್ಸ್ಯಗಂಧ ಹಿಡಿಯಲು ಸಾಂತಾಕ್ರೂಜ್‌ನಿಂದ ಕುರ್ಲಾದ ಲೋಕಮಾನ್ಯ ತಿಲಕ್ ಟರ್ಮಿನಸ್ ತಲುಪುವುದೇ ಒಂದು ಪ್ರಯಾಣವಾಗಿ ಉಳಿಯಿತು ಎಂಬುದನ್ನು ಹೇಳದೆ ವಿಧಿಯಿಲ್ಲ. ಪೂರ್ವ-ಪಶ್ಚಿಮದ ಮಾತು ಇಲ್ಲಿ ಮತ್ತೆ ಬರುತ್ತದೆ.

ಸಾಂತಾಕ್ರೂಜ್‌ನಲ್ಲಿ ಸಾಮಾನ್ಯವಾಗಿ ಫಾಸ್ಟ್ ಲೋಕಲ್ ನಿಲ್ಲುವುದಿಲ್ಲ. ಬಾಂದ್ರಾಕ್ಕೋ ಅಂಧೇರಿಗೋ ಹೋಗಿ ಬದಲಿಸಿಕೊಳ್ಳಬೇಕು, ಇಲ್ಲವೇ ಸ್ಲೋ ಗಾಡಿಯಲ್ಲಿಯೇ ಸಾಗಬೇಕು. ಅದೇನೂ ದೊಡ್ಡ ಕಷ್ಟವಲ್ಲ. ಕಷ್ಟವಿರುವುದು ನಿಲ್ದಾಣದಿಂದ ಇಳಿದ ನಂತರ. ಪೂರ್ವಕ್ಕೆ ವಾಕೋಲಾ, ಕಲೀನಾ, ಅದರಾಚೆ ಕುರ್ಲಾ. ಪಶ್ಚಿಮಕ್ಕೆ ಎಸ್.ವಿ. ರಸ್ತೆ, ಅದರಾಚೆ ಜುಹೂ. ಇಲ್ಲೆಲ್ಲ ಜನರನ್ನು ತಲುಪಿಸುತ್ತ ಬಂದದ್ದು ಬೆಸ್ಟ್ ಬಸ್ಸು. ಊರಿನಿಂದ ಬಂದ ನೆಂಟರನ್ನು ಜುಹೂ ಬೀಚಿಗೆ ಕರೆದೊಯ್ಯುವ 231 ನಂಬರಿನ ಬಸ್ಸನ್ನು ಅರಿಯದ ಸಾಂತಾಕ್ರೂಜ್ ನಿವಾಸಿ ಇರಲಾರರು. ಬಸ್ಸಿನ ಮುಂದುಗಡೆ ನಾಗರಿ ಅಂಕಿ, ಪಕ್ಕದಲ್ಲಿ ಇಂಗ್ಲಿಷ್ ಅಂಕಿ. ಹೊಸದಾಗಿ ಬಂದ ಅನೇಕ ಕನ್ನಡಿಗರಿಗೆ ಮರಾಠಿ ಅಂಕಿಗಳ ಮೊದಲ ಪಾಠ ಆಗಿದ್ದು ಬಸ್ ಸ್ಟಾಪಿನಲ್ಲಿಯೇ.

ಈಗ ಲೆಕ್ಕದ ಮಾತಿಗೆ ಬರೋಣ. ಬೆಸ್ಟ್ ವಿದ್ಯುತ್ ಪೂರೈಸುವುದು ಕೊಲಾಬಾದಿಂದ ಮಾಹಿಮ್ ಮತ್ತು ಸಾಯನ್‌ವರೆಗೆ, ಅಂದರೆ ಹಳೆಯ ದ್ವೀಪನಗರಕ್ಕೆ ಮಾತ್ರ. ಸಾಂತಾಕ್ರೂಜ್ ಮೊದಲಾದ ಉಪನಗರಗಳ ಬಹುಪಾಲು ಮನೆಗಳ ವಿದ್ಯುತ್ ಬಿಲ್ಲು ಮೊದಲು ಬಿ.ಎಸ್.ಇ.ಎಸ್. ಹೆಸರಿನಲ್ಲಿ ಬರುತ್ತಿತ್ತು, ಆಮೇಲೆ ರಿಲಯನ್ಸ್ ಹೆಸರಿನಲ್ಲಿ, 2018ರಿಂದ ಅದಾನಿ ಹೆಸರಿನಲ್ಲಿ ಬರುತ್ತಿದೆ. ಆದರೆ ಬೆಸ್ಟ್ ಬಸ್ಸು ಮಾತ್ರ ಇಡೀ ಮುಂಬಯಿಗೆ. ಬಸ್ಸಿನ ಟಿಕೆಟ್ ಹಣದಿಂದ ಬಸ್ಸಿನ ಖರ್ಚು ಎಂದೂ ಹುಟ್ಟುತ್ತಿರಲಿಲ್ಲ. ಕೊರತೆಯನ್ನು ವಿದ್ಯುತ್ ವಿಭಾಗದ ಲಾಭದಿಂದ ತುಂಬಲಾಗುತ್ತಿತ್ತು. ಒಂದು ರೀತಿಯಲ್ಲಿ ಹೇಳುವುದಾದರೆ, ಕಫ್ ಪರೇಡಿನ ಗಗನಚುಂಬಿಗಳಲ್ಲಿ ಉರಿದ ದೀಪ ವಾಕೋಲಾದ ಗೃಹಿಣಿಯ ಬಸ್ಸಿಗೆ ಎಣ್ಣೆ ಹಾಕುತ್ತಿತ್ತು. ಯಾರೂ ಸಭೆ ಸೇರಿಸಿ ಘೋಷಿಸದ, ಆದರೆ ದಶಕಗಟ್ಟಲೆ ಸದ್ದಿಲ್ಲದೆ ನಡೆದ ಸಾಮಾಜಿಕ ನ್ಯಾಯವಿದು.

2003ರ ವಿದ್ಯುಚ್ಛಕ್ತಿ ಕಾಯಿದೆಯ ನಂತರ ಈ ಪದ್ಧತಿಗೆ ಪೆಟ್ಟು ಬಿತ್ತು. ವಿದ್ಯುತ್ ಬಳಕೆದಾರನಿಂದ ವಿದ್ಯುತ್ತಿನ ಖರ್ಚನ್ನಷ್ಟೇ ವಸೂಲು ಮಾಡಬೇಕು, ಬಸ್ಸಿನ ನಷ್ಟವನ್ನು ಅವನ ತಲೆಗೆ ಕಟ್ಟಬಾರದು ಎಂಬ ತರ್ಕ ಬಲವಾಯಿತು. ಕೆಲಕಾಲ ಸಾರಿಗೆಯ ಕೊರತೆಯನ್ನು ಬಿಲ್ಲಿನಲ್ಲಿ ಪ್ರತ್ಯೇಕ ಬಾಬತ್ತಾಗಿ ತೋರಿಸಿ ವಸೂಲು ಮಾಡಲಾಯಿತು. ಕಡೆಗೆ ಅದೂ ನಿಂತಿತು. ತರ್ಕದಲ್ಲಿ ತಪ್ಪಿಲ್ಲ. ಆದರೆ ದೀಪದ ಹಣ ನಿಂತ ಮೇಲೆ ಬಸ್ಸಿಗೆ ಹಣ ಎಲ್ಲಿಂದ ಎಂಬ ಪ್ರಶ್ನೆಗೆ ಉತ್ತರವನ್ನು ಸಿದ್ಧಪಡಿಸದೆಯೇ ಹಳೆಯ ಏರ್ಪಾಡು ಮುಗಿಯಿತು. ಬ್ಯಾಂಕಿನ ಲೆಡ್ಜರಿನ ಮುಂದೆ ಆಯುಷ್ಯ ಕಳೆದ ನನ್ನಂಥವನಿಗೆ ಇಲ್ಲಿ ಒಂದು ವಿಚಿತ್ರ ಕಾಣುತ್ತದೆ. ಬಸ್ಸು ಓಡಿದಾಗ ಆಗುವ ನಷ್ಟ ಬೆಸ್ಟ್‌ನ ಪುಸ್ತಕದಲ್ಲಿ ದಾಖಲಾಗುತ್ತದೆ. ಅದರಿಂದಾಗುವ ಲಾಭ, ಅಂದರೆ ಹೊತ್ತಿಗೆ ಸರಿಯಾಗಿ ಕೆಲಸಕ್ಕೆ ಬರುವ ನೌಕರ, ರಸ್ತೆಗಿಳಿಯದೆ ಉಳಿದ ಕಾರು, ಒಬ್ಬರೇ ಆಸ್ಪತ್ರೆಗೆ ಹೋಗಿಬರುವ ವೃದ್ಧೆ, ಇವು ಯಾರ ಪುಸ್ತಕದಲ್ಲಿಯೂ ದಾಖಲಾಗುವುದಿಲ್ಲ.

ಪರಿಣಾಮ ಕಣ್ಣೆದುರಿಗಿದೆ. ಒಂದು ಕಾಲಕ್ಕೆ ನಾಲ್ಕು ಸಾವಿರಕ್ಕೂ ಹೆಚ್ಚು ಬಸ್ಸುಗಳಿದ್ದ ಬೆಸ್ಟ್‌ನಲ್ಲಿ 2025ರ ಹೊತ್ತಿಗೆ ಮೂರು ಸಾವಿರಕ್ಕಿಂತ ಕಡಿಮೆ ಬಸ್ಸುಗಳು ಉಳಿದವು, ಅವುಗಳಲ್ಲಿಯೂ ಬಹುಪಾಲು ಗುತ್ತಿಗೆಯವು. ಈ ಗುತ್ತಿಗೆ ಕ್ರಮದಲ್ಲಿ ಬಸ್ಸು ಮತ್ತು ಚಾಲಕ ಖಾಸಗಿಯವರ ಕಡೆಯವರು, ಬೆಸ್ಟ್ ಕಿಲೋಮೀಟರಿಗೆ ಇಷ್ಟೆಂದು ಹಣ ಕೊಡುತ್ತದೆ. 2019ರ ಜನವರಿಯಲ್ಲಿ ಒಂಬತ್ತು ದಿನಗಳ ಮುಷ್ಕರ ನಡೆಯಿತು. ಅದೇ ವರ್ಷ ಜುಲೈಯಲ್ಲಿ ಪಾಲಿಕೆಯ ನೆರವಿನೊಂದಿಗೆ ಕನಿಷ್ಠ ದರವನ್ನು ಐದು ರೂಪಾಯಿಗೆ ಇಳಿಸಿದಾಗ ಪ್ರಯಾಣಿಕರು ಮರಳಿ ಬಂದರು. ಆದರೆ ಬಂದವರಿಗೆ ಸಾಕಷ್ಟು ಬಸ್ಸುಗಳಿರಲಿಲ್ಲ. 2023ರ ಸೆಪ್ಟೆಂಬರಿನಲ್ಲಿ ಹಳೆಯ ಡೀಸೆಲ್ ಡಬಲ್ ಡೆಕ್ಕರ್‌ಗಳು ವಿದಾಯ ಹೇಳಿದವು. ಅವುಗಳ ಸ್ಥಾನಕ್ಕೆ ಬಂದ ಹವಾನಿಯಂತ್ರಿತ ವಿದ್ಯುತ್ ಡಬಲ್ ಡೆಕ್ಕರ್‌ಗಳು ಸುಂದರವಾಗಿವೆ, ಸಂಖ್ಯೆಯಲ್ಲಿ ಕಡಿಮೆ. 2025ರ ಮೇ 9ರಿಂದ ಕನಿಷ್ಠ ದರ ಐದರಿಂದ ಹತ್ತು ರೂಪಾಯಿಗೆ ಏರಿತು. ಲೋಕಲ್ ರೈಲಿನ ಎರಡನೆಯ ದರ್ಜೆಯ ಕನಿಷ್ಠ ಟಿಕೆಟ್ ಐದೇ ರೂಪಾಯಿ ಇರುವಾಗ, ನಿಲ್ದಾಣದಿಂದ ಮನೆಗೆ ಹೋಗುವ ಬಸ್ಸಿಗೆ ಅದರ ಇಮ್ಮಡಿ ಕೊಡಬೇಕಾಗಿ ಬಂತು.

ಬೆಸ್ಟ್‌ನ ಬೆಲೆ ತಿಳಿಯುವುದು ರೈಲು ನಿಂತಾಗ. 2005ರ ಜುಲೈ 26ರಂದು ಇಪ್ಪತ್ನಾಲ್ಕು ಗಂಟೆಗಳಲ್ಲಿ 944 ಮಿಲಿಮೀಟರ್ ಮಳೆ ಎಂದು ಜಗತ್ತಿಗೆಲ್ಲ ತಿಳಿದ ಅಂಕಿ ದಾಖಲಾದದ್ದು ನಮ್ಮ ಸಾಂತಾಕ್ರೂಜ್ ಹವಾಮಾನ ಕೇಂದ್ರದಲ್ಲಿಯೇ. ಅಂದು ಹಳಿಗಳು ಮುಳುಗಿ ಲೋಕಲ್‌ಗಳು ನಿಂತುಬಿಟ್ಟವು, ಬಸ್ಸುಗಳೂ ನೀರಿನ ನಡುವೆ ಸಿಕ್ಕಿಕೊಂಡವು. ಸಾವಿರಾರು ಜನ ಸೊಂಟದ ಮಟ್ಟದ ನೀರಿನಲ್ಲಿ ಮೈಲುಗಟ್ಟಲೆ ನಡೆದರು, ಎಷ್ಟೋ ಮಂದಿ ನಿಂತ ಬಸ್ಸಿನ ಮೇಲಂತಸ್ತಿನಲ್ಲಿ ರಾತ್ರಿ ಕಳೆದರು. ಮರುವರ್ಷ, 2006ರ ಜುಲೈ 11ರ ಸಂಜೆ, ಪಶ್ಚಿಮ ಮಾರ್ಗದ ಏಳು ಗಾಡಿಗಳಲ್ಲಿ ಬಾಂಬುಗಳು ಸಿಡಿದು ನೂರೆಂಬತ್ತಕ್ಕೂ ಹೆಚ್ಚು ಮಂದಿ ಬಲಿಯಾದರು. ಖಾರ್ ಮತ್ತು ಸಾಂತಾಕ್ರೂಜ್ ನಡುವೆಯೂ ಒಂದು ಸ್ಫೋಟ ಸಂಭವಿಸಿತ್ತು. 2020ರ ಮಾರ್ಚಿನಲ್ಲಿ ಕೊರೊನಾದಿಂದಾಗಿ ಲೋಕಲ್ ಸಂಪೂರ್ಣ ನಿಂತಾಗ, ಆಸ್ಪತ್ರೆ ಸಿಬ್ಬಂದಿ ಮೊದಲ್ಗೊಂಡು ಅಗತ್ಯ ಸೇವೆಯವರನ್ನೆಲ್ಲ ತಲುಪಿಸಿದ್ದು ಬೆಸ್ಟ್ ಬಸ್ಸುಗಳೇ.

ರೈಲಿನ ಇಕ್ಕಟ್ಟಿನ ಬಗ್ಗೆ ಹೆಚ್ಚು ಹೇಳಬೇಕಾಗಿಲ್ಲ. 1992ರ ಮೇಯಲ್ಲಿ ಮಹಿಳೆಯರಿಗೇ ಮೀಸಲಾದ ಲೋಕಲ್, 2009ರಲ್ಲಿ ಹದಿನೈದು ಡಬ್ಬಿಗಳ ಗಾಡಿ, 2017ರ ಡಿಸೆಂಬರ್ 25ರಂದು ಮೊದಲ ಹವಾನಿಯಂತ್ರಿತ ಲೋಕಲ್ ಬಂದವು. ಆದರೂ ಮುಂಬಯಿ ಲೋಕಲ್ ಮಾರ್ಗಗಳಲ್ಲಿ ಹಳಿ ದಾಟುವಾಗಲೋ ಬಾಗಿಲಿನಿಂದ ಬಿದ್ದೋ ವರ್ಷಕ್ಕೆ ಎರಡು ಸಾವಿರಕ್ಕೂ ಹೆಚ್ಚು ಜನ ಪ್ರಾಣ ಬಿಡುತ್ತಾರೆ. 2025ರ ಜೂನ್ 9ರಂದು ಮುಂಬ್ರಾದಲ್ಲಿ ಬಾಗಿಲಲ್ಲಿ ಜೋತಾಡುತ್ತಿದ್ದವರು ಬಿದ್ದು ಸತ್ತ ಮೇಲೆ, ಸಾಮಾನ್ಯ ಲೋಕಲ್‌ಗಳಿಗೂ ತಾನಾಗಿ ಮುಚ್ಚುವ ಬಾಗಿಲು ಅಳವಡಿಸುವ ನಿರ್ಧಾರ ಪ್ರಕಟವಾಯಿತು.

ಪೂರ್ವ-ಪಶ್ಚಿಮದ ಕೊರತೆ ನೀಗಿಸುವ ಯತ್ನಗಳು ತಡವಾಗಿ ಆರಂಭವಾದವು. ಸಾಂತಾಕ್ರೂಜ್-ಚೆಂಬೂರು ಲಿಂಕ್ ರಸ್ತೆಯ ಕೆಲಸ 2003ರಲ್ಲಿ ತೊಡಗಿ ಮುಗಿದದ್ದು 2014ರ ಏಪ್ರಿಲ್‌ನಲ್ಲಿ. ಆರೂವರೆ ಕಿಲೋಮೀಟರ್ ರಸ್ತೆಗೆ ಹನ್ನೊಂದು ವರ್ಷ! ಅದೇ ವರ್ಷ ಜೂನ್ 8ರಂದು ವರ್ಸೋವಾ-ಅಂಧೇರಿ-ಘಾಟ್ಕೋಪರ್ ಮೆಟ್ರೋ ಆರಂಭವಾಯಿತು. ಹನ್ನೊಂದು ಕಿಲೋಮೀಟರಿಗೆ ಸ್ವಲ್ಪ ಹೆಚ್ಚಿರುವ ಈ ಮಾರ್ಗ ಪಶ್ಚಿಮ ಮತ್ತು ಮಧ್ಯ ರೈಲ್ವೆಗಳ ಉಪನಗರಗಳನ್ನು ನೇರವಾಗಿ ಜೋಡಿಸಿತು. ಹಿಂದೆ ದಾದರ್‌ಗೆ ಇಳಿದು ಮತ್ತೆ ಮೇಲಕ್ಕೆ ಬರಬೇಕಿದ್ದವರಿಗೆ, ಇಲ್ಲವೇ ರಸ್ತೆಯಲ್ಲಿ ಗಂಟೆಗಟ್ಟಲೆ ಬೇಯಬೇಕಿದ್ದವರಿಗೆ ಅದು ವರವಾಯಿತು. 2014ರಲ್ಲಿಯೇ ಬಂದ ಮೋನೋರೈಲು ಅಷ್ಟು ಪುಣ್ಯ ಮಾಡಿರಲಿಲ್ಲ. ಮೇಲಿಂದ ಮೇಲೆ ಕೆಟ್ಟು ನಿಂತು, 2025ರ ಸೆಪ್ಟೆಂಬರಿನಲ್ಲಿ ದುರಸ್ತಿಗೆಂದು ಅದರ ಸಂಚಾರವನ್ನೇ ನಿಲ್ಲಿಸಲಾಯಿತು.

ಸಾಂತಾಕ್ರೂಜ್‌ನ ಪಾಲಿಗೆ ಬಹುದೊಡ್ಡ ಬದಲಾವಣೆ ತಂದದ್ದು ಭೂಗತ ಮೆಟ್ರೋ 3. ಆರೆಯಿಂದ ಬಾಂದ್ರಾ-ಕುರ್ಲಾ ಸಂಕೀರ್ಣದವರೆಗಿನ ಭಾಗ 2024ರ ಅಕ್ಟೋಬರಿನಲ್ಲಿ, ವರ್ಲಿಯ ಆಚಾರ್ಯ ಅತ್ರೆ ಚೌಕದವರೆಗಿನ ಭಾಗ 2025ರ ಮೇಯಲ್ಲಿ, ಕಫ್ ಪರೇಡ್‌ವರೆಗಿನ ಉಳಿದ ಭಾಗ 2025ರ ಅಕ್ಟೋಬರಿನಲ್ಲಿ ತೆರೆಯಿತು. ಒಟ್ಟು 33.5 ಕಿಲೋಮೀಟರ್, 27 ನಿಲ್ದಾಣಗಳು. ಸಾಂತಾಕ್ರೂಜ್ ಮೆಟ್ರೋ ಮತ್ತು ಬಾಂದ್ರಾ ಕಾಲೊನಿ ಎಂಬ ಎರಡು ನಿಲ್ದಾಣಗಳು ನಮ್ಮ ಪೂರ್ವ ಭಾಗಕ್ಕೆ ದೊರೆತಿವೆ. ಕಲೀನಾದ ಕನ್ನಡ ವಿಭಾಗಕ್ಕೆ ಗಿರ್‌ಗಾಂವ್‌ನಿಂದಲೋ ದಾದರ್‌ನಿಂದಲೋ ಬರುವ ವಿದ್ಯಾರ್ಥಿಗೆ ಈಗ ಮಳೆ, ಬಿಸಿಲು, ವಾಹನದಟ್ಟಣೆ ಯಾವುದೂ ತಟ್ಟುವುದಿಲ್ಲ. ನೆಲದಡಿಯ ಆ ಸ್ವಚ್ಛತೆ, ಬೆಳಕು, ಮೆಟ್ಟಿಲೇರಲಾಗದವರಿಗೆ ಲಿಫ್ಟು, ಇವನ್ನು ಮನಸಾರೆ ಮೆಚ್ಚಲೇಬೇಕು.

ಆದರೆ ಹತ್ತರಿಂದ ಎಪ್ಪತ್ತು ರೂಪಾಯಿಯವರೆಗಿನ ಅದರ ದರ ಲೋಕಲ್‌ನ ಮಾಸಿಕ ಪಾಸಿಗೆ ಒಗ್ಗಿಹೋದ ಸಂಸಾರಕ್ಕೆ ದಿನನಿತ್ಯ ಹಗುರವಲ್ಲ. ಇನ್ನೊಂದು, ಮೆಟ್ರೋ ನಿಲ್ದಾಣಕ್ಕೂ ರೈಲು ನಿಲ್ದಾಣಕ್ಕೂ ಸಾಂತಾಕ್ರೂಜ್ ಎಂಬುದೇ ಹೆಸರಾದರೂ ಒಂದರ ಬಾಗಿಲಲ್ಲಿ ಇನ್ನೊಂದಿಲ್ಲ. ನಡುವಿನ ದಾರಿಗೆ ಬಸ್ಸು ಬೇಕು, ಇಲ್ಲವೇ ಶೇರ್ ರಿಕ್ಷಾ. ರಿಕ್ಷಾಗಳಾದರೋ ಸಮೀಪದ ಬಾಡಿಗೆಗೆ ತಲೆಯಲ್ಲಾಡಿಸಿ ಮುಂದೆ ಹೋಗುವುದು ಎಲ್ಲರ ಅನುಭವ. ರೈಲು ಕೇಂದ್ರ ಸರಕಾರದ್ದು, ಬಸ್ಸು ನಗರಪಾಲಿಕೆಯದು, ಮೆಟ್ರೋಗಳಲ್ಲಿ ಒಂದೊಂದು ಒಂದೊಂದು ಸಂಸ್ಥೆಯದು. ಆದ್ದರಿಂದ ಒಬ್ಬರ ನಿಲ್ದಾಣ ಎಲ್ಲಿ ಮುಗಿಯುತ್ತದೆಯೋ ಅಲ್ಲಿಂದ ಮುಂದಿನ ಯೋಚನೆ ಇನ್ನೊಬ್ಬರದು. 2025ರ ಅಕ್ಟೋಬರಿನಲ್ಲಿ ಬಂದ ‘ಮುಂಬಯಿ ಒನ್’ ಆ್ಯಪ್ ಹನ್ನೊಂದು ಸಾರಿಗೆ ಸಂಸ್ಥೆಗಳ ಟಿಕೆಟನ್ನು ಒಂದೆಡೆ ತಂದಿತು. ಟಿಕೆಟಿನ ಮಟ್ಟಿಗೆ ಇದು ಒಳ್ಳೆಯ ಆರಂಭ. ಬಸ್ಸುಗಳ ಕೊರತೆ ಅದರಿಂದ ನೀಗುವುದಿಲ್ಲ.

ನಿವೃತ್ತರಾಗಿ ಮಕ್ಕಳು ಬೇರೆಡೆ ನೆಲೆಸಿ ಇಬ್ಬರೇ ಉಳಿದಿರುವ ದಂಪತಿಗಳು ನಮ್ಮ ಸಮಾಜದಲ್ಲಿ ಹೆಚ್ಚುತ್ತಿದ್ದಾರೆ. ಸಂಜೆಯ ಕಾರ್ಯಕ್ರಮಗಳಲ್ಲಿ ಅವರ ಸಂಖ್ಯೆ ಇಳಿಮುಖವಾಗಿರುವುದಕ್ಕೆ ಆಸಕ್ತಿ ಕುಂದಿದೆ ಎಂಬ ಕಾರಣವನ್ನು ಸಂಘಟಕರು ಹೇಳುವುದುಂಟು. ಕೇಳಿ ನೋಡಿದರೆ ಬೇರೆಯೇ ಉತ್ತರ ಬರುತ್ತದೆ: ‘ಹೋಗುವುದಕ್ಕೇನೋ ಹೋಗಬಹುದು, ಬರುವಾಗ ಸ್ಟೇಶನ್ನಿನಿಂದ ಮನೆಗೆ ಬಸ್ಸು ಸಿಗುವುದಿಲ್ಲ.’

ಬಸ್ ಮಾರ್ಗವೊಂದು ರದ್ದಾದಾಗ, ಅಥವಾ ಸದ್ದಿಲ್ಲದೆ ವಿರಳವಾದಾಗ, ಹಿಂದೆ ನಗರಸೇವಕರು ಪಾಲಿಕೆಯ ಬೆಸ್ಟ್ ಸಮಿತಿಯಲ್ಲಿ ಪ್ರಶ್ನೆ ಎತ್ತುತ್ತಿದ್ದರು. 2022ರ ಮಾರ್ಚಿನಲ್ಲಿ ಪಾಲಿಕೆಯ ಅವಧಿ ಮುಗಿದು ಆಡಳಿತಾಧಿಕಾರಿಯ ಕೈಗೆ ಕಾರಭಾರ ಹೋದ ಮೇಲೆ ಹಲವು ವರ್ಷ ಆ ವೇದಿಕೆಯೂ ಇರಲಿಲ್ಲ. ಸಾಂತಾಕ್ರೂಜ್ ಪಶ್ಚಿಮದಲ್ಲಿಯೇ ಬೆಸ್ಟ್ ಡಿಪೋ ಇದೆ. ಹೌಸಿಂಗ್ ಸೊಸೈಟಿಗಳು, ನಮ್ಮ ಸಂಘಸಂಸ್ಥೆಗಳು ಲೆಟರ್‌ಹೆಡ್ಡಿನಲ್ಲಿ, ಯಾವ ಮಾರ್ಗ, ಯಾವ ಸ್ಟಾಪು, ಎಷ್ಟು ಹೊತ್ತಿನಿಂದ ಎಷ್ಟು ಹೊತ್ತಿನವರೆಗೆ ಬಸ್ಸಿಲ್ಲ ಎಂಬುದನ್ನು ಒಂದು ವಾರ ಬರೆದಿಟ್ಟು ಅಲ್ಲಿಗೆ ಕೊಡಬಹುದು, ಪ್ರತಿಯನ್ನು ವಾರ್ಡ್ ಕಚೇರಿಗೂ ಕಳುಹಿಸಬಹುದು. ಮರಾಠಿಯಲ್ಲಿ ಬರೆದರೆ ಉತ್ತರ ಬೇಗ ಬರುತ್ತದೆ.